ಖಾನಾವಳಿ ಲಾಭದಾಗ ರೊಟ್ಟಿ ಬಡಿಯಾಕಿಯ ಪಾಲು

ಬೆಟಗೇರಿಯಲ್ಲಿ ಲಿಂಗಾಯತ ಖಾನಾವಳಿ ನಡೆಸುವ ಹೆಣ್ಣುಮಗಳೊಬ್ಬರು. ಜಾವಾದ ನೂಲಿನ ಗಿರಣಿಯೊಂದರಲ್ಲಿ ಕೆಲವು ವರ್ಷ ದುಡಿದು ಊರಿಗೆ ಮರಳಿದ ಅವರ ಅಕ್ಕನ ಮಗ. ಮಧ್ಯಾಹ್ನದ ಗಿರಾಕಿ ತೆರವಾದ ಮೇಲೆ ಇಬ್ಬರ ನಡುವೆ ನಡೆದ ಮಾತು ಇದು.

ಚಿಗವ್ವ: ರೊಟ್ಟಿ ಮಷೀನ್ ತರಬೇಕಂತ ಮಾಡೀನಿ ತಮ್ಮಾ. ಹುಬ್ಬಳ್ಳಿಗೆ ಹೋಗಿ ನೋಡಿ ಬಂದೆ. ಹಿಟ್ಟು ನಾದಿ ಉಂಡಿ ಕಟ್ಟಿ ಕೊಟ್ರ ಸಾಕು, ಒತ್ತಿ ಬೇಯಿಸಿ ಆ ಕಡೆ ಹಾಕತೈತಿ. ನೀ ಗಿರಣ್ಯಾಗ ಇದ್ದು ಬಂದಾಂವ, ಮಷೀನಿನ ಗುಣಾ ನಿನಗ ಗೊತ್ತು. ತರಲೋ ಬಿಡಲೋ ಹೇಳು.

ಮಗ: ಮಷೀನ್ ಮಾತು ಆಮ್ಯಾಲೆ. ಇಬ್ಬರು ಇದ್ರಲ್ಲ ರೊಟ್ಟಿ ಬಡಿಯಾಕ, ಏನಾತು?

ಚಿಗವ್ವ: ಒಬ್ಬಾಕಿ ಬಿಟ್ಲು. ಮನ್ಯಾಗ ಒಣ ಕಟಿ ರೊಟ್ಟಿ ಮಾಡಿ ಬೆಂಗಳೂರಿಗೆ ಕಳಸ್ತಾಳ. ರಾತ್ರಿ ಬಸ್ಸಿಗೆ ಹಾಕಿದ್ರ ಮುಂಜಾನೆ ಮುಟ್ಟತೈತಿ. ಆಕಿ ಮ್ಯಾಲೆ ನನಗ ಸಿಟ್ಟಿಲ್ಲ. ಇಲ್ಲಿ ರೊಟ್ಟಿಗೆ ಇಷ್ಟು ಅಂತ ತಗೋತಿದ್ಲು, ಅಲ್ಲಿ ಅದರ ದುಪ್ಪಟ್ಟು ಸಿಗತೈತಿ. ಇದ್ದಾಕಿಗೂ ಈಗ ರಟ್ಟಿ ನೋವು. ಹೊಸಬರನ್ನ ಕರದ್ರ ಯಾರೂ ಬರವಲ್ರು. ಹುಡುಗ್ಯಾರು ಕಾಲೇಜಿಗೆ ಹೋಗತಾರ, ಹೋಗಲಿ, ಓದಬೇಕು. ತಾಂಡಾದ ಹೆಣ್ಣುಮಕ್ಕಳು ಗಂಡನ ಕೂಡ ಗೋವಾಕ್ಕ, ಮಂಗಳೂರಿಗೆ ದುಡಿಯಾಕ ಹೋಗ್ಯಾರ. ಪಲ್ಯಾ ಮಾಡೋರು ಸಿಗತಾರ, ಅನ್ನಾ ಸಾರು ಮಾಡೋರು ಸಿಗತಾರ. ರೊಟ್ಟಿ ಬಡಿಯೋ ಕೈ ಸಿಗವಲ್ದು.

ಮಗ: ಮಷೀನಿನ ರೊಟ್ಟಿ ನೀ ತಿಂದು ನೋಡಿದ್ಯಾ?

ಚಿಗವ್ವ: ನೋಡಿದೆ. ಕಟಿ ರೊಟ್ಟಿ ನಡೀತೈತಿ. ಬಿಸಿ ರೊಟ್ಟಿ ಮನಸ್ಸಿಗೆ ಬರಲಿಲ್ಲ. ಜೋಳದ ಹಿಟ್ಟಿಗೆ ಗೋದಿಯಷ್ಟು ಜಿಗಿ ಇರೂದಿಲ್ಲ ನೋಡು. ಕುದಿಯೋ ಎಸರು ಹಾಕಿ ಹಿಟ್ಟು ಹದಕ್ಕ ತರಬೇಕು. ಒಣ ಹಿಟ್ಟು ಉದುರಿಸ್ಕೊಂಡು ಅಂಗೈಲೆ ಬಡದು ತಿರುಗಿಸ್ಕೊಂತ ಹೋಗಬೇಕು, ಅಂಚು ಒಂದ ಸಮ ಬರಬೇಕು. ಹಂಚಿಗೆ ಹಾಕಿದ ಮ್ಯಾಲೆ ಒಣ ಹಿಟ್ಟು ಹೋಗೋ ಹಂಗ ನೀರು ಸವರಬೇಕು, ಆ ನೀರು ಪೂರಾ ಆರೂದ್ರಾಗ ತಿರುವಿ ಹಾಕಬೇಕು. ಆಗ ಉಬ್ಬತೈತಿ. ಮಾಲದಂಡಿ ಜೋಳ ಆದ್ರ ಬೆಳ್ಳಗ, ಮೆತ್ತಗ ಬರತೈತಿ. ಬೀಸಿಸಿ ಭಾಳ ದಿನಾ ಆದ ಹಿಟ್ಟಾದ್ರ ಅಂಚಿನ್ಯಾಗ ಸೀಳತೈತಿ. ಹಿಟ್ಟು ಮುಟ್ಟಿದ ಕೂಡ್ಲೆ ಇವತ್ತ ನೀರು ಎಷ್ಟು ಬೇಕು ಅಂತ ಆ ಕೈಗೆ ತಿಳೀತೈತಿ. ಮಷೀನಿಗೆ ಅದನ್ನ ಯಾರು ಹೇಳಬೇಕು?

ಮಗ: ಅದಕ್ಕ ಕೇಳತೀನಿ. ಜನಾ ನಿನ್ನಲ್ಲಿಗೆ ಏನಕ್ಕ ಬರತಾರ?

ಚಿಗವ್ವ: ರೊಟ್ಟಿಗೆ. ಮತ್ತೇನಕ್ಕ? ಎಣ್ಣಿಗಾಯಿ, ಮಡಿಕಿ ಕಾಳು, ಝುಣಕ, ಶೇಂಗಾ ಚಟ್ನಿ, ಗುರೆಳ್ಳ ಚಟ್ನಿ, ಮೊಸರು, ಹಸಿ ಉಳ್ಳಾಗಡ್ಡಿ ಇವೆಲ್ಲಾ ರೊಟ್ಟಿ ಕೂಡ ಬರೋವು. ಉಪ್ಪಿಟ್ಟು ದೋಸಿ ಬೇಕಾದವ್ರು ಉಡುಪಿ ಹೋಟೆಲಿಗೆ ಹೋಗತಾರ.

ಮಗ: ಬರೋ ಜನಾನೂ ಯಾರು ಅಂತ ಹೇಳು. ನಾ ಹೊರಗ ಇದ್ದಾಗ ಇಲ್ಲೀದು ಭಾಳ ಬದಲಾಗೇತಿ.

ಚಿಗವ್ವ: ಮೊದಲೆಲ್ಲಾ ಎ.ಪಿ.ಎಂ.ಸಿ.ಗೆ ಮಾಲು ತಂದ ರೈತರು, ಹತ್ತಿ, ಶೇಂಗಾ, ಉಳ್ಳಾಗಡ್ಡಿ, ಮೆಣಸಿನಕಾಯಿ ಹೇರಿಕೊಂಡು ಬಂದವ್ರು. ಕೋರ್ಟಿಗೆ ತಾರೀಖಿಗೆ ಬಂದವ್ರು. ಊರು ಬಿಟ್ಟು ನೌಕರಿಗೆ ಬಂದು ರೂಮು ಮಾಡಿದ ಮಾಸ್ತರು, ಗುಮಾಸ್ತರು. ಅವರು ತಿಂಗಳ ಊಟದ ಗಿರಾಕಿ. ರೈಲು ಬಂದಾಗಿಂದ ಈ ಊರಾಗ ಪರಊರಿನ ಹೊಟ್ಟಿಗೆ ಊಟಾ ಹಾಕೋ ಉದ್ಯೋಗ ನಡದೈತಿ. ಯಾರೂ ಮೋಜಿಗೆ ಹೊರಗ ಉಣತಿರಲಿಲ್ಲ. ಮನಿ ದೂರ ಐತಿ, ಹೊಟ್ಟಿ ಹಸದೈತಿ, ಅದಕ್ಕ ಉಣತಿದ್ರು. 1997ರಾಗ ಗದಗ ಜಿಲ್ಲಾ ಆದ ಮ್ಯಾಲೆ ಕಚೇರಿಗೆ ಬರೋ ಮಂದಿ ಹೆಚ್ಚಾದ್ರು. ಮೆಡಿಕಲ್ ಕಾಲೇಜು ಆದ ಮ್ಯಾಲೆ ಪೇಷಂಟ್ ಕೂಡ ಬಂದವ್ರು ಹೆಚ್ಚಾದ್ರು. ಅವ್ರು ಒಂದು ಊಟಾ ಕಟ್ಟಿಸ್ಕೊಂಡು ಹೋಗಿ ಇಬ್ಬರು ಉಣತಾರ, ನನಗ ಗೊತ್ತೈತಿ, ಎರಡು ರೊಟ್ಟಿ ಹೆಚ್ಚು ಇಡತೀನಿ.

ಮಗ: ಹೆಣ್ಣುಮಕ್ಕಳು?

ಚಿಗವ್ವ: ಅದನ್ನ ಹೇಳಬೇಕು ನೋಡು. 2023ರ ಜೂನ್‌ದಾಗ ಬಸ್ಸು ಪುಕ್ಕಟ ಆದ ಮ್ಯಾಲೆ ಹೆಣ್ಣುಮಕ್ಕಳು ಗಂಡಸರಿಲ್ಲದ ತಾವ ನಾಕು ಮಂದಿ ಕೂಡಿ ಬಂದು ಕುಂಡ್ರತಾರ. ಮುಂಡರಗಿ ಕಡೀಂದ, ಶಿರಹಟ್ಟಿ ಕಡೀಂದ, ಲಕ್ಷ್ಮೇಶ್ವರದಿಂದ. ಆಸ್ಪತ್ರಿಗೆ, ಬಟ್ಟಿ ಅಂಗಡಿಗೆ, ವೀರನಾರಾಯಣ ಗುಡಿಗೆ, ಪುಣ್ಯಾಶ್ರಮಕ್ಕ ಬಂದವ್ರು. ಮೊದಲು ಬುತ್ತಿ ಕಟ್ಟಿಕೊಂಡು ಬಂದು ಬಸ್ ಸ್ಟ್ಯಾಂಡಿನ ಮೂಲ್ಯಾಗ ಸೆರಗು ಮರೀ ಮಾಡಿ ಉಣತಿದ್ರು. ಈಗ ಕುರ್ಚಿ ಮ್ಯಾಲೆ ಕುಂತು, "ಇನ್ನೊಂದು ರೊಟ್ಟಿ ತಾರಪಾ" ಅಂತಾರ. ಜನ್ಮದಾಗ ಬ್ಯಾರೆಯವ್ರು ಬಡದ ರೊಟ್ಟಿ ಕುಂತು ಉಂಡದ್ದು ಇದ ಮೊದಲು ಅಂತ ಒಬ್ಬಾಕಿ ಮುದುಕಿ ಹೇಳಿದ್ಲು. ನನಗ ಕಣ್ಣೀರು ಬಂತು.

ಮಗ: ಬಡದಾಕಿ ಒಳಗ ಇದ್ಲು.

ಚಿಗವ್ವ: ಹೌದು. ಒಳಗ ಇದ್ಲು. ಆಕಿ ಕುಂತು ಉಣ್ಣೂದು ಮೂರೂವರಿಗೆ.

ಮಗ: ಚಿಗವ್ವಾ, ಈ ಊರಾಗ ಹೊರಗಿನ ಊಟದ ವ್ಯಾಪಾರ ಎಲ್ಲೆಲ್ಲಿ ನೋಡಿದ್ರೂ ದುಡಿಯಾಕಿ ಒಳಗ ಇರೂದ ಕಾಣತೈತಿ. ಸಾವಜಿ ಖಾನಾವಳಿ ತಗೋ. ಈ ಬೆಟಗೇರಿ ನೇಕಾರರ ಊರು. ಎಸ್‌.ಎಸ್‌.ಕೆ. ಅಂದ್ರ ಸೋಮವಂಶ ಸಹಸ್ರಾರ್ಜುನ ಕ್ಷತ್ರಿಯ ಸಮಾಜದವ್ರ ಮನಿಮನ್ಯಾಗ ಮಗ್ಗ ಇದ್ವು. ಪಾವರಲೂಮ್ ಬಂದು ಕೈಮಗ್ಗದ ಕೂಲಿ ಇಳೀತು, ಆಗ ಎಷ್ಟೋ ಮನಿತನಾ ಹಿಡಿದದ್ದು ಅಡಗಿ ಒಲಿ. ಹುಬ್ಬಳ್ಳ್ಯಾಗೂ ಅವ್ರ, ಗದಗಿನ್ಯಾಗೂ ಅವ್ರ. ನಾಗ್ಪುರದಾಗೂ ಸಾವಜಿ ಅನ್ನೋ ಖಾರದ ಊಟಾ ಐತಿ. ಅದನ್ನ ಮಾಡೋ ಹಲಬಾ ಕೋಷ್ಟಿ ಮಂದಿನೂ ನೇಕಾರರ. ನೇಯ್ಗಿ ಸೋತಲ್ಲಿ ಅಡಗಿ ಕೈ ಹಿಡಿದೈತಿ.

ಚಿಗವ್ವ: ಅವ್ರ ಖಾರದ ವಾಸನಿ ಬಂದ್ರ ಓಣಿ ತುಂಬ ಗೊತ್ತಾಗತೈತಿ. ನಾವು ಉಣ್ಣೂದಿಲ್ಲ, ಆದ್ರೂ ನೆರಿಮನಿ ಸಂಬಂಧ ಐತಿ. ಎಡಮಿ ಅನ್ನೋ ತಿನಿಸು ಮಾಡಿದ್ರ ನನಗ ಕೊಟ್ಟು ಕಳಸತಾರ. ಖೈಮಾ ಉಂಡಿ, ಮಟನ್ ಖಾರ ಉಣ್ಣಾಕ ದೂರದೂರದಿಂದ ಬರತಾರ. ಸೋಮವಾರ, ಶ್ರಾವಣ ಬಂದ್ರ ಅವ್ರಲ್ಲಿ ಖಾಲಿ, ನನ್ನಲ್ಲಿ ತುಂಬಿರತೈತಿ.

ಮಗ: ಆ ಖಾರ ಹುರಿಯೋರು, ಕುಟ್ಟೋರು ಯಾರು?

ಚಿಗವ್ವ: ಮನಿ ಹೆಣ್ಣುಮಕ್ಕಳು. ಯಾವ್ದು ಎಷ್ಟು ಅಂತ ಅತ್ತಿ ಸೊಸಿಗೆ ಹೇಳಿಕೊಡತಾಳ, ಹೊರಗಿನವ್ರಿಗೆ ಬಾಯಿ ಬಿಡೂದಿಲ್ಲ.

ಮಗ: ಗಲ್ಲಾದ ಮುಂದ ಕುಂತವ್ರು ಯಾರು?

ಚಿಗವ್ವ: ಗಂಡಸ್ರು. ಈಗ ಕೆಲವು ಕಡೆ ಹೆಣ್ಣುಮಕ್ಕಳೂ ಕುಂಡ್ರತಾರ ಬಿಡು.

ಮಗ: ಸಂಜಿಕ ಮಿರ್ಚಿ ಗಾಡಿ ತಗೋ. ಗದಗಿನ ಬದನಿಕಾಯಿ ಭಜಿ ತಿನ್ನಾಕ ಹುಬ್ಬಳ್ಳಿಯವ್ರೂ ಇಳದು ಹೋಗತಾರ. ಗಾಡ್ಯಾಗ ಎಣ್ಣಿ ಬುಟ್ಟಿ ಮುಂದ ನಿಂತಾಂವ ಒಬ್ಬನ. ಆದ್ರ ಮುಂಜಾನಿಂದ ಉಳ್ಳಾಗಡ್ಡಿ ಹೆಚ್ಚಿ, ಗಿರ್ಮಿಟ್‌ಗೆ ಹುಣಸಿ ಹುಳಿ ಹಾಕಿ ಗೊಜ್ಜು ಕುದಿಸಿ, ಪುಟಾಣಿ ಹಿಟ್ಟು ಮಾಡಿ, ಮೆಣಸಿನಕಾಯಿ ಸೀಳಿ ಬುಟ್ಟಿ ತುಂಬಿಸಿ ಕಳಿಸಿದಾಕಿ ಮನ್ಯಾಗ ಇರತಾಳ. ಆಕಿ ಪಗಾರ ಯಾವ ಲೆಕ್ಕದಾಗೂ ಬರಂಗಿಲ್ಲ. ಲಕ್ಷ್ಮೇಶ್ವರದ ಸಂತಿಗೆ ಹೋಗು, ದೂದನಾನಾ ದರ್ಗಾದ ಉರುಸಿಗೆ ಹೋಗು, ಶಿರಹಟ್ಟಿ ಫಕೀರೇಶ್ವರ ಮಠದ ಜಾತ್ರಿಗೆ ಹೋಗು, ಮಿರ್ಚಿ ಮಂಡಕ್ಕಿ ಅಂಗಡಿ ಹಿಂದ ಒಂದು ಮನಿ ತುಂಬ ಕೆಲಸಾ ಇರತೈತಿ.

ಚಿಗವ್ವ: ಜಾತ್ರಿ ಅಂದ್ಯಲ್ಲ, ಡಂಬಳದ ರೊಟ್ಟಿ ಜಾತ್ರಿಗೆ ನೀ ಬಂದಿಲ್ಲ ಭಾಳ ವರ್ಷ ಆತು. ಮುಂಡರಗಿ ತಾಲೂಕಿನ್ಯಾಗ ಅಂಥಾದ್ದು ಇನ್ನೊಂದಿಲ್ಲ. ತೋಂಟದಾರ್ಯ ಮಠದ ಮುಂದ ಹಳ್ಳಿಹಳ್ಳಿಯಿಂದ ಹೆಣ್ಣುಮಕ್ಕಳು ರೊಟ್ಟಿ ಬಡದು ಬುಟ್ಟಿಗಟ್ಟಲೆ ಹೊತ್ತುಕೊಂಡು ಬರತಾರ. ಜಾತಿ ಕೇಳೂದಿಲ್ಲ, ಧರ್ಮ ಕೇಳೂದಿಲ್ಲ. ತಾಟು ಬೇಕಾಗಿಲ್ಲ, ರೊಟ್ಟಿ ಅಂಗೈಯಾಗ ಹಿಡದ್ರ ಅದರ ಮ್ಯಾಲ ಭಜ್ಜಿ ಪಲ್ಯಾ, ಕರಿಹಿಂಡಿ ಹಾಕತಾರ. ಸ್ವಾಮಿಗಳಿಂದ ಹಿಡಕೊಂಡು ಕೂಲಿಕಾರರ ತನಕ ಎಲ್ಲಾರೂ ಅಲ್ಲೇ ನಿಂತು ತಿಂತಾರ. ಅಲ್ಲಿ ರೊಟ್ಟಿಗೆ ರೊಕ್ಕ ಕೇಳೂದಿಲ್ಲ. ಅದು ದಾಸೋಹ.

ಮಗ: ಅಲ್ಲಿ ಕೇಳಬಾರದು. ಅಲ್ಲಿ ಉಣ್ಣಾಂವನೂ ರೊಕ್ಕ ಕೊಡೂದಿಲ್ಲ, ಬಡದಾಕಿನೂ ತಗೊಳ್ಳೂದಿಲ್ಲ. ಇಬ್ಬರಿಗೂ ಸಮ. ಖಾನಾವಳ್ಯಾಗ ಉಣ್ಣಾಂವ ರೊಕ್ಕ ಕೊಟ್ಟಿರತಾನ. ಆ ರೊಕ್ಕದಾಗ ಬಡದಾಕಿಗೆ ಎಷ್ಟು ಮುಟ್ಟತೈತಿ? ದಾಸೋಹದ ಭಾವನಾ ಮುಂದ ಮಾಡಿ ವ್ಯಾಪಾರದಾಗ ಕೂಲಿ ಕಡಿಮಿ ಕೊಡೂದು ನನಗ ನ್ಯಾಯ ಅನಸೂದಿಲ್ಲ. ಇದನ್ನ ನಾ ಜಾವಾದಾಗ ಇದ್ದಾಗ ಭಾಳ ವಿಚಾರ ಮಾಡೀನಿ.

ಚಿಗವ್ವ: ಅಲ್ಲೇನು ಉಣತಿದ್ದಿ ನೀ? ನಿಮ್ಮವ್ವ ದಿನಾ ಅದನ್ನ ಕೇಳತಿದ್ಲು.

ಮಗ: ನಾ ಇದ್ದದ್ದು ಪುರ್ವಕರ್ತಾ ಅನ್ನೋ ಊರು, ಜಕಾರ್ತಾದಿಂದ ಬಾಂಡುಂಗ್‌ಗೆ ಹೋಗೋ ದಾರ್ಯಾಗ. ಅಲ್ಲಿ ಹೊರಗ ಉಣ್ಣೂದು ದಿನದ ಮಾತು. ಗಿರಣಿ ಗೇಟಿನ ಮುಂದ ಸಣ್ಣ ಸಣ್ಣ ವಾರುಂಗ್ ಸಾಲಿಗೆ ಇರತಾವ. ಒಂದು ಬಾಂಕು, ಒಂದು ತಗಡಿನ ಮಾಡು, ಒಲಿ, ಅಷ್ಟ. ತೆಗಾಲ್ ಅನ್ನೋ ಊರಿನ ಮಂದಿ ನಡೆಸೋ ಅಂಗಡಿಗೆ ವಾರ್ತೆಗ್ ಅಂತಾರ. ಗಾಜಿನ ಪೆಟ್ಟಿಗ್ಯಾಗ ಪಲ್ಯಾ ಇಟ್ಟಿರತಾರ, ಬೆರಳು ಮಾಡಿ ತೋರಿಸಿದ್ರ ಅನ್ನದ ಮ್ಯಾಲೆ ಹಾಕಿ ಕೊಡತಾರ. ಎಷ್ಟೋ ವಾರ್ತೆಗ್ ಎರಡು ಮನಿತನಾ ಕೂಡಿ ನಡಸ್ತಾರ. ಮೂರು ನಾಕು ತಿಂಗಳು ಒಬ್ಬರು ಪ್ಯಾಟ್ಯಾಗ ಅಂಗಡಿ ನೋಡಿದ್ರ ಇನ್ನೊಬ್ಬರು ಊರಾಗ ಗದ್ದಿ ನೋಡತಾರ, ಆಮ್ಯಾಲೆ ಪಾಳಿ ಬದಲಿ ಮಾಡಿಕೋತಾರ. ಟೆಂಪೆ ಅಂತ ಸೋಯಾ ಕಾಳು ಹುದುಗು ಹಾಕಿ ಗಟ್ಟಿ ಮಾಡಿದ್ದು ಸಿಗತೈತಿ. ನನ್ನಂಥ ಸಸ್ಯಾಹಾರಿ ಬದುಕಿದ್ದು ಅದರ ಮ್ಯಾಲೆ. ಮರಗೆಣಸಿನ ಎಲಿ ಪಲ್ಯಾನೂ ಉಣತಿದ್ದೆ, ಹಸಿ ಮೆಣಸಿನಕಾಯಿ ಜಜ್ಜಿದ ಸಂಬಲ್ ಕೂಡ. ಖಾರದಾಗ ಅವ್ರು ನಮಗೇನೂ ಕಡಿಮಿ ಇಲ್ಲ. ಮೆಣಸಿನಕಾಯಿ ನಮಗೂ ಅವ್ರಿಗೂ ಅಮೆರಿಕ ಖಂಡದಿಂದ ಪೋರ್ಚುಗೀಸರ ಕಾಲಕ್ಕ ಬಂದದ್ದು. ಈಗ ಬ್ಯಾಡಗಿ ಇಲ್ಲದ ಗದಗಿನ ಊಟಾ ಇಲ್ಲ, ಸಂಬಲ್ ಇಲ್ಲದ ಜಾವಾದ ಊಟಾ ಇಲ್ಲ.

ಚಿಗವ್ವ: ಕೈಲೆ ಉಣತಾರೇನು?

ಮಗ: ಪಡಾಂಗ್ ಊಟದ ಅಂಗಡ್ಯಾಗ ಕೈಲೇ ಉಣತಾರ. ಟೇಬಲ್ ಮ್ಯಾಲೆ ಬಟ್ಟಲದಾಗ ಕೈ ತೊಳಿಯಾಕ ನೀರು ಇಟ್ಟಿರತಾರ. ಪಡಾಂಗ್ ಅನ್ನೋದು ಸುಮಾತ್ರಾದ ಊರು. ಆ ಕಡೆ ಮಿನಾಂಗ್‌ಕಬಾವ್ ಜನಾ ಇದ್ದಾರ. ಮುಸಲ್ಮಾನರು, ಆದ್ರ ಮನಿ, ಹೊಲಾ ತಾಯಿಯಿಂದ ಮಗಳಿಗೆ ಹೋಗತೈತಿ. ಗಂಡುಹುಡುಗ್ರು ಪರಊರಿಗೆ ಹೋಗಿ ದುಡದು ಬರಬೇಕು ಅನ್ನೋದು ಅವ್ರಲ್ಲಿ ರೂಢಿ. ಹಂಗ ಹೋದವ್ರು ದೇಶದ ತುಂಬ ಊಟದ ಅಂಗಡಿ ಹಾಕಿದ್ರು. ನೀ ಹೋಗಿ ಕುಂತ್ರ ಏನು ಬೇಕು ಅಂತ ಕೇಳೂದಿಲ್ಲ. ಹುಡುಗ ಒಂದು ಕೈ ಮ್ಯಾಲೆ ಹತ್ತು ಹನ್ನೆರಡು ಬಸಿ ಜೋಡಿಸ್ಕೊಂಡು ಬಂದು ಟೇಬಲ್ ತುಂಬ ಹರವಿ ಹೋಗತಾನ. ಮುಟ್ಟಿದ್ದಕ್ಕಷ್ಟ ರೊಕ್ಕ, ಉಳಿದದ್ದು ತಿರುಗಿ ಒಳಗ.

ಚಿಗವ್ವ: ಅಯ್ಯ ಶಿವನ! ಮಂದಿ ಮುಂದ ಇಟ್ಟದ್ದು ತಿರುಗಿ ಒಳಗ? ನಮ್ಮಲ್ಲಿ ಎಂಜಲಾ ಅಂತ ಎದ್ದು ಹೋಗತಾರ.

ಮಗ: ನನಗೂ ಮೊದಲು ಹಂಗ ಅನಸಿತ್ತು. ಅಲ್ಲೀ ರೀತಿ ಬ್ಯಾರೆ, ಬಿಡು. ಊಟದ ರೀತಿಕಿಂತ ಲಾಭ ಹಂಚಿಕೊಳ್ಳೋ ರೀತಿ ನನಗ ಹಿಡಿಸ್ತು. ಹಳೇ ಪದ್ಧತಿ ಹಿಡಿದ ಪಡಾಂಗ್ ಅಂಗಡ್ಯಾಗ ಪಗಾರ ಅಂತ ಇರೂದಿಲ್ಲ. ಪಾಯಿಂಟ್ ಇರತಾವ, ಅದಕ್ಕ ಮಾತೊ ಅಂತಾರ. ಅಡಗಿ ಮಾಡಾಂವಗ ಇಷ್ಟು, ನೀಡಾಂವಗ ಇಷ್ಟು, ತಾಟು ತೊಳಿಯಾಂವಗ ಇಷ್ಟು. ಅನುಭವ ಬೆಳದಂಗ ಪಾಯಿಂಟ್ ಹೆಚ್ಚತಾವ. ಊಟಾ, ವಸತಿ ಅಂಗಡೀದು. ಸುಮಾರು 100 ದಿನಕ್ಕೊಮ್ಮೆ ಲೆಕ್ಕಾ ಬಿಚ್ಚತಾರ. ಖರ್ಚು ತಗದು, ಧರ್ಮಕ್ಕ ಕೊಡೋ ಝಕಾತ್ ತಗದು, ಉಳಿದದ್ರಾಗ ಬಂಡವಾಳ ಹಾಕಿದಾಂವಗ ಒಂದು ಪಾಲು. ಮಿಕ್ಕದ್ದು ದುಡಿದವ್ರಿಗೆ ಪಾಯಿಂಟ್ ಪ್ರಕಾರ.

ಚಿಗವ್ವ: ಲೆಕ್ಕಾ ಎಲ್ಲಾರ ಮುಂದ?

ಮಗ: ಎಲ್ಲಾರ ಮುಂದ. ಒಂದು ತಾಟು ಒಡದ್ರ, ಅರ್ಧ ಬುಟ್ಟಿ ಟೊಮೇಟೊ ಕೊಳತ್ರ ಎಲ್ಲಾರಿಗೂ ಅದು ತಮ್ಮ ನಷ್ಟ. ನಿನ್ನ ಖಾನಾವಳಿಗೆ ಹೊಂದಿಸಿ ನೋಡೋಣು. 100 ದಿನಕ್ಕ ಖರ್ಚೆಲ್ಲಾ ಹೋಗಿ ₹1,00,000 ಉಳೀತು ಅಂತ ಇಟ್ಕೋ. ಅರ್ಧ ನಿನಗ, ಯಾಕಂದ್ರ ಜಾಗಾ ನಿಂದು, ಸಾಲಾ ನಿನ್ನ ಹೆಸರಿಲೆ ಐತಿ. ಉಳಿದ ₹50,000. ಮೊದಲಿನಂಗ ರೊಟ್ಟಿಯವ್ರು ಇಬ್ಬರು ಇದ್ರ ಅವ್ರಿಗೆ ಐದೈದು, ಪಲ್ಯಾ ಮಾಡಾಕಿಗೆ ಐದು, ತಾಟು ತೊಳಿಯಾಕಿಗೆ ನಾಕು, ನೀಡೋ ಮೂರು ಹುಡುಗ್ರಿಗೆ ಎರಡೆರಡು. ಕೂಡಿಸಿದ್ರ 25. ಒಂದು ಪಾಯಿಂಟಿಗೆ ₹2,000. ರೊಟ್ಟಿ ಬಡಿಯಾಕಿಗೆ ₹10,000 ಬಂತು.

ಚಿಗವ್ವ: 100 ದಿನಕ್ಕ ₹10,000? ಆಕಿ ಮನಿ ನಡಿಯೂದು ಹೆಂಗ? ನನ್ನಲ್ಲಿ ದುಡಿಯೋ ಹೆಣ್ಣುಮಗಳಿಗೆ ಸಂಜಿಕ ಮನಿಗೆ ಹೋಗೂದ್ರಾಗ ಕೈಯಾಗ ರೊಕ್ಕ ಬೇಕು. ಸಂಘದ ಕಂತು ವಾರಕ್ಕೊಮ್ಮೆ ಕಟ್ಟಬೇಕು. ಗಂಡ ಒಬ್ಬ ಕುಡಕ. ಮೂರು ತಿಂಗಳು ಕಾಯಿ ಅಂದ್ರ ಮರುದಿನ ಬರೂದಿಲ್ಲ. ನಿನ್ನ ಪಡಾಂಗಿನ ಹುಡುಗ್ರಿಗೆ ಊಟಾ ವಸತಿ ಅಂಗಡ್ಯಾಗ, ಊರಾಗ ಹೆಂಡ್ತಿ ಕೈಯಾಗ ಹೊಲಾ ಐತಿ, ಅವ್ರು ಕಾಯತಾರ. ಅಲ್ಲಿ ಒಲಿ ಮುಂದ ಹೆಣ್ಣುಮಕ್ಕಳು ಎಷ್ಟು ಮಂದಿ ಅದಾರ?

ಮಗ: ಪಡಾಂಗ್ ಅಂಗಡ್ಯಾಗ ಕಡಿಮಿ. ಹೆಚ್ಚಾಗಿ ಗಂಡಸ್ರ. ನೀ ಹೇಳೂದು ಖರೇ ಐತಿ. ಪಗಾರದ ಜಾಗಾದಾಗ ಪಾಲು ಇಟ್ರ ನಮ್ಮಲ್ಲಿ ನಡಿಯೂದಿಲ್ಲ. ಕೂಲಿ ದಿನಾ ಕೊಡು, ಅದರ ಮ್ಯಾಲೆ ಪಾಲು ಕೊಡು.

ಚಿಗವ್ವ: ಎಲ್ಲಿಂದ ಕೊಡಲಿ? ನೀ ಲಕ್ಷ ಅಂತ ಸುಲಭ ಹೇಳಿದಿ. 19 ಕೆ.ಜಿ. ಸಿಲಿಂಡರ್, ಶೇಂಗಾ ಎಣ್ಣಿ, ಜೋಳ, ಬಾಡಗಿ, ಕರೆಂಟ್. ಜೋಳದ ಧಾರಣಿ ನೋಡಿದ್ಯಾ? ನಮ್ಮ ಮಂದಿ ಹಿಂಗಾರಿ ಜೋಳ ಬಿಟ್ಟು ಕಡ್ಲಿ, ಗೊಂಜಾಳ, ಹತ್ತಿ ಹಿಡದಾರ. ಊಟಕ್ಕ ₹10 ಏರಿಸಿದ್ರ ಕೋರ್ಟಿಗೆ ಬಂದ ರೈತ ಬಾಗಲಾಗ ನಿಂತು ವಿಚಾರ ಮಾಡತಾನ. ಸರ್ಕಾರದ ಇಂದಿರಾ ಕ್ಯಾಂಟೀನಿನ್ಯಾಗ 2017ರಾಗ ಶುರು ಆದಾಗಿಂದ ₹10ಕ್ಕ ಊಟಾ. ಬಡವ ಅಲ್ಲಿ ಉಂಡ್ರ ನನಗ ಸಂತೋಷನ. ಆದ್ರ ನಾನೂ ಹಾದ್ಯಾಗ ಹೋಗೋ ಬಡವನ ನಂಬಿ ಅಂಗಡಿ ಹಾಕೀನಿ, ಅಂವಗ ಧಾರಣಿ ಏರಿಸಾಕ ನನ್ನ ಮನಸ್ಸು ಒಪ್ಪೂದಿಲ್ಲ.

ಮಗ: ಏರಿಸಬ್ಯಾಡ. ಮಷೀನಿಗೆ ಸಾಲಾ ತೆಗದ್ರ ಅದರ ಕಂತು ಎಲ್ಲಿಂದ ಕಟ್ಟತಿದ್ದಿ?

ಚಿಗವ್ವ: ಲಾಭದಾಗ.

ಮಗ: ಹಂಗಾದ್ರ ಲಾಭದಾಗ ಒಂದು ಪಾಲು ತಗಿಯಾಕ ನೀ ಆಗಲೇ ತಯಾರ ಆಗಿ. ಬ್ಯಾಂಕಿಗೆ ಹೋಗೋದು ರೊಟ್ಟಿ ಬಡಿಯೋರ ಕೈಗೆ ಹೋಗಲಿ ಅಂತ ನಾ ಹೇಳತೀನಿ. ಮಷೀನ್ ಬಂದ್ರ ಬಿಸಿ ರೊಟ್ಟಿ ರುಚಿ ಹೋಗತೈತಿ ಅಂತ ನೀನ ಹೇಳಿದಿ. ಬರೋರು ರೊಟ್ಟಿಗೆ ಬರತಾರ ಅಂತನೂ ನೀನ ಹೇಳಿದಿ.

ಚಿಗವ್ವ: ಮಾತಿನ್ಯಾಗ ಹಿಡದಿ ನನ್ನ. ಆದ್ರ ಪಾಲು, ಲೆಕ್ಕಾ, ಎಲ್ಲಾರ ಮುಂದ ಅಂದ್ರ ನಾಳೆ ಅದು ಸಂಘ ಆಗತೈತಿ. ಸಂಘ ಅಂದ್ರ ಚುನಾವಣಿ, ಪಾರ್ಟಿ, ಜಗಳ. ನಮ್ಮ ಭಾಗದಾಗ ಎಷ್ಟು ಸೊಸೈಟಿ ಎದ್ದು ಬಿದ್ದಾವ, ನಾ ಕಣ್ಣಾರೆ ನೋಡೀನಿ.

ಮಗ: ಬಿದ್ದಾವ. ಆದ್ರ ನಿಂತದ್ದೂ ಇಲ್ಲೇ ಐತಿ. ಇಲ್ಲಿಂದ ಹತ್ತಿರದ ಕಣಗಿನಹಾಳದಾಗ 1905ರಾಗ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಕಟ್ಟಿದ ಸಹಕಾರಿ ಸಂಘ ಈ ದೇಶದಾಗ ಮೊದಲನೇದು ಅಂತ ಹೆಸರು ಮಾಡೇತಿ. ಹಿಂದಿನ ವರ್ಷ, 1904ರಾಗ, ಕಾಯ್ದೆ ಬಂದಿತ್ತು; ವರ್ಷದಾಗ ಗದಗ ಸೀಮಿಯ ಒಕ್ಕಲಿಗರು ಕೂಡಿ ರೊಕ್ಕ ಹಾಕಿದ್ರು. ಸಾಲಾ ಕೊಡೋ ಸಾಹುಕಾರನ ಮುಂದ ಕೈಚಾಚೂದು ಬ್ಯಾಡ ಅಂತ. ಹೊಲದವ್ರು ಅಂಥಾದ್ದು ಮಾಡಿದ ನೆಲದಾಗ ಒಲಿ ಮುಂದಿನವ್ರು ಯಾಕ ಮಾಡಬಾರದು?

ಚಿಗವ್ವ: ಅದು ಸಾಲದ ಸಂಘ. ಅಡಗಿ ಕೆಲಸದಾಗ ಯಾರು ಹಂಗ ಮಾಡ್ಯಾರ?

ಮಗ: ಇಂಡಿಯನ್ ಕಾಫಿ ಹೌಸ್ ಗೊತ್ತಲ್ಲ. ಕಾಫಿ ಬೋರ್ಡು ತನ್ನ ಅಂಗಡಿ ಮುಚ್ಚಿ ಕೆಲಸಗಾರರನ್ನ ಹೊರಗ ಹಾಕಿದಾಗ, ಕಮ್ಯುನಿಸ್ಟ್ ಮುಖಂಡ ಎ.ಕೆ. ಗೋಪಾಲನ್ ಅವರ ಮಾತಿನಂಗ ಆ ಕೆಲಸಗಾರರ ಸಹಕಾರಿ ಸಂಘ ಕಟ್ಟಿಕೊಂಡ್ರು. 1957ರಾಗ, ಮೊದಲ ಸಂಘ ಆದದ್ದು ನಮ್ಮ ಬೆಂಗಳೂರಾಗ. ಕಾಫಿ ತಂದು ಕೊಡಾಂವನ ಅಂಗಡಿ ಪಾಲುದಾರ ಆದ. ಲಿಜ್ಜತ್ ಹಪ್ಪಳದ್ದು ನಿನ್ನ ಕೆಲಸಕ್ಕ ಇನ್ನೂ ಹತ್ತಿರ. 1959ರಾಗ ಮುಂಬೈದ ಗಿರಗಾಂವದಾಗ ಏಳು ಮಂದಿ ಹೆಣ್ಣುಮಕ್ಕಳು ₹80 ಸಾಲಾ ತಗೊಂಡು ಮಾಳಗಿ ಮ್ಯಾಲೆ ಹಪ್ಪಳ ಲಟ್ಟಿಸಿದ್ರು. ಇವತ್ತು ಸಾವಿರಾರು ಮಂದಿ ಲಟ್ಟಿಸ್ತಾರ, ಲಟ್ಟಿಸೋ ಪ್ರತಿಯೊಬ್ಬಾಕಿನೂ ಒಡತಿ. ಹಿಟ್ಟು ಕಲಸೂದು ಒಂದು ಕಡೆ, ಲಟ್ಟಿಸೂದು ಮನಿಮನ್ಯಾಗ, ಲಾಭ ಎಲ್ಲಾರಿಗೆ. ಕಲಬುರಗ್ಯಾಗ ಈಗ ಜಿಲ್ಲಾಡಳಿತದವ್ರು ಸ್ವಸಹಾಯ ಸಂಘದ ಹೆಣ್ಣುಮಕ್ಕಳನ್ನ ಕೂಡಿಸಿ ಕಲಬುರಗಿ ರೊಟ್ಟಿ ಅಂತ ಹೆಸರು ಕೊಟ್ಟು ಮಾರಸ್ತಾರ. ಗದಗಿನ ರೊಟ್ಟಿಗೆ ಅಂಥ ಹೆಸರು ಬಂದದ್ದು ನಾ ಕೇಳಿಲ್ಲ.

ಚಿಗವ್ವ: ಹಪ್ಪಳಾ ತಿಂಗಳು ಇರತೈತಿ. ಬಿಸಿ ರೊಟ್ಟಿ ಗಳಿಗಿ ಇರೂದಿಲ್ಲ.

ಮಗ: ಕಟಿ ರೊಟ್ಟಿ ಇರತೈತಲ್ಲ.

ಚಿಗವ್ವ: ಇರತೈತಿ. ತಡಿ, ನನಗೊಂದು ಹೊಳೀತು. ನನ್ನಲ್ಲಿ ಊಟದ ಕೂಡ ಮೂರು ರೊಟ್ಟಿ. ಅದರ ಮ್ಯಾಲೆ ಬೇಕಂದ್ರ ಬ್ಯಾರೆ ರೊಕ್ಕ. ಆ ಹೆಚ್ಚಿನ ರೊಟ್ಟಿ ರೊಕ್ಕ ಈಗ ಗಲ್ಲಾಕ್ಕ ಬೀಳತೈತಿ. ಹಿಟ್ಟಿನ ಖರ್ಚು, ಗ್ಯಾಸಿಂದು ಮುರಕೊಂಡು ಉಳಿದದ್ದು ಪೂರಾ ರೊಟ್ಟಿಯವ್ರಿಗೆ ಕೊಟ್ರ? ರೊಟ್ಟಿ ಚಲೋ ಆದ್ರ ಮಂದಿ ನಾಕನೇದು ಕೇಳತಾರ. ಕೇಳಿದ್ದು ಆಕಿ ಕೈಗೆ ಹೋಗತೈತಿ. ದಿನಾ ಸಂಜಿಕ ಕೊಡಾಕೂ ಬರತೈತಿ, 100 ದಿನಾ ಕಾಯಬೇಕಾಗಿಲ್ಲ.

ಮಗ: ಇದು ನನ್ನ ಪಾಯಿಂಟಿಗಿಂತ ಚಲೋ ಐತಿ.

ಚಿಗವ್ವ: ಇನ್ನೊಂದು ಕೇಳು. ಮಧ್ಯಾಹ್ನದ ಗಿರಾಕಿ ಮುಗದ ಮ್ಯಾಲೆ ಐದರ ತನಕ ಹಂಚು ಬಿಸಿ ಇರತೈತಿ, ಕೆಲಸಾ ಇರೂದಿಲ್ಲ. ಆ ಹೊತ್ತಿನ್ಯಾಗ ಕಟಿ ರೊಟ್ಟಿ ಮಾಡಿ ಗಲ್ಲಾದ ಮುಂದ ಇಡೋಣು. ಬಸ್ಸಿಗೆ ಹೋಗೋರು, ಬೆಂಗಳೂರಾಗ ಮಕ್ಕಳಿರೋರು ಒಯ್ಯತಾರ. ಅದರಾಗ ಅರ್ಧ ಅಂಗಡೀದು, ಅರ್ಧ ಅವರದು. ಬಿಟ್ಟು ಹೋದಾಕಿನ್ನೂ ಕೇಳತೀನಿ. ಕೆಲಸಕ್ಕ ಬರೂದು ಬ್ಯಾಡ, ಮನ್ಯಾಗ ಮಾಡಿದ್ದ ತಂದು ಇಡಲಿ, ಬೆಂಗಳೂರಿಗೆ ಬಸ್ಸಿನ ಖರ್ಚಾದ್ರೂ ಉಳೀತೈತಿ. ಆದ್ರ ಪಲ್ಯಾದಾಕಿ ಮುಖಾ ಸಪ್ಪಗ ಮಾಡತಾಳ. ತಾಟು ತೊಳಿಯಾಕಿ ಕೇಳೇ ಕೇಳತಾಳ. ಅವ್ರಿಗೇನು?

ಮಗ: ಅವ್ರಿಗೆ ಪಾಯಿಂಟ್. ದಸರಾಕ್ಕೊಮ್ಮೆ, ಸಂಕ್ರಾಂತಿಗೊಮ್ಮೆ, ಬಸವ ಜಯಂತಿಗೊಮ್ಮೆ ಲೆಕ್ಕಾ ಬಿಚ್ಚು. ಎಷ್ಟು ಪಾಲು ಅನ್ನೋದು ನೀನ ಮಾಡು, ಆದ್ರ ಮೊದಲ ಹೇಳಿ ಮಾಡು. ಹಬ್ಬಕ್ಕ ಸೀರಿ ಕೊಟ್ಟಂಗ ಅಲ್ಲ. ಅದು ನಿನ್ನ ಮನಸ್ಸಿನ ಮ್ಯಾಲೆ ಇರತೈತಿ. ಪಾಲು ಅಂದ್ರ ಆಕಿ ಕೇಳಿ ತಗೋಬಹುದು.

ಚಿಗವ್ವ: ನಷ್ಟ ಆದ್ರ?

ಮಗ: ಕೂಲಿ ಮುಟ್ಟಬಾರದು. ಪಾಲು ಆ ಸಲ ಇಲ್ಲ. ಯಾಕ ಇಲ್ಲ ಅಂತ ಚೋಪಡಿ ತಗದು ತೋರಿಸು. ಕರೋನಾ ಬಂದಾಗ ಅಂಗಡಿ ಮುಚ್ಚಿ ನೀ ಬಳಿ ಅಡ ಇಟ್ಟದ್ದು ಅವ್ರಿಗೆ ಗೊತ್ತೇನು?

ಚಿಗವ್ವ: ಗೊತ್ತಿಲ್ಲ. ಹೇಳಿದ್ರ ಬ್ಯಾರೆ ಕಡೆ ಹೋಗತಾರ ಅಂತ ಹೇಳಿರಲಿಲ್ಲ.

ಮಗ: ಅದನ್ನೂ ಲೆಕ್ಕದಾಗ ಸೇರಿಸು. ಬರೇ ಲಾಭ ತೋರಿಸಿದ್ರ ನಿನ್ನ ಕಷ್ಟಾ ಅವ್ರಿಗೆ ಹೆಂಗ ತಿಳೀಬೇಕು?

ಚಿಗವ್ವ: ಮಷೀನಿಂದು ಏನು ಮಾಡಲಿ? ಅಡ್ವಾನ್ಸ್ ಕೊಡತೀನಿ ಅಂತ ಹೇಳಿ ಬಂದೀನಿ, ಕೊಟ್ಟಿಲ್ಲ.

ಮಗ: ಒತ್ತೋ ಮಷೀನ್ ಬ್ಯಾಡ. ಹಿಟ್ಟು ನಾದೋ ಮಷೀನ್ ತಗೋ, ಅದು ಸಣ್ಣದೂ ಸಿಗತೈತಿ. ರಟ್ಟಿ ಹೆಚ್ಚು ಸೋಲೂದು ನಾದೂದ್ರಾಗ. ಬಡಿಯೋ ಕೈ ಉಳಿಸ್ಕೋಬೇಕಾದ್ರ ನಾದೋ ಭಾರಾ ಇಳಸಬೇಕು. ಕುಂತು ಬಡಿಯೋ ಬದಲಿ ನಿಂತು ಬಡಿಯೋ ಹಂಗ ಕಟ್ಟಿ ಮಾಡಿಸು, ಮ್ಯಾಲೆ ಹೊಗಿ ಎಳಿಯೋ ಫ್ಯಾನ್ ಹಾಕಿಸು. ಗಿರಣ್ಯಾಗ ನೂಲಿನ ಧೂಳಿಗೆ ಫ್ಯಾನ್ ಇರತೈತಿ, ಇಲ್ಲಿ ಒಲಿ ಮುಂದ ಒಂದು ಕಿಡಕಿನೂ ಇಲ್ಲ.

ಚಿಗವ್ವ: ಕಿಡಕಿ ತಗಸಬಹುದು, ಆ ಕಡೆ ಗ್ವಾಡಿ ನಮ್ದ. ನಿಂತು ಬಡಿಯೂದು ಆಕಿಗೆ ಒಗ್ಗತೈತೋ ಇಲ್ಲೋ, ನಾವು ಇಲ್ಲಿ ಕುಂತು ಹೇಳೂದು ಬ್ಯಾಡ. ಒಳಗ ಉಣ್ಣಾಕ ಕುಂತಾಳ ಈಗ. ಉಂಡು ಮುಗಸಲಿ, ಚಹಾ ಇಟ್ಟು ಕರೀತೀನಿ. ಹೆಚ್ಚಿನ ರೊಟ್ಟಿದು ಹೇಳತೀನಿ, ಕಟಿ ರೊಟ್ಟಿದು ಹೇಳತೀನಿ. ಅರ್ಧ ಸಾಲೂದಿಲ್ಲ ಅಂದ್ರ ಏನು ಅನ್ನಲಿ?

ಮಗ: ಎಷ್ಟು ಬೇಕು ಅಂತ ಕೇಳು. ಚೋಪಡಿ ತಗೊಂಡು ಬಾ, ಹಿಟ್ಟು ಎಷ್ಟು, ಗ್ಯಾಸ್ ಎಷ್ಟು ಅನ್ನೋದು ಆಕಿಗೇ ನನಗಿಂತ ಚಲೋ ಗೊತ್ತಿರತೈತಿ.